ನೂಲವ್ವನ ಕಿಂಡಿ: ಏಳನೆಯ ಕಂತು

"ಹೋಗವಲ್ದು ಯವ್ವ. ಎಷ್ಟು ತುರುಕಿದ್ರೂ ಹೋಗವಲ್ದು."

ಮರುಳಸಿದ್ದಮ್ಮ ಮೇಣ ಸವರಿದ ದಾರದ ತುದಿಯನ್ನು ಬಾಯಲ್ಲಿ ತೇವ ಮಾಡಿ, ಬೆರಳಿಗೆ ಸುತ್ತಿ ಕೊಂಡಿಯಂತೆ ಬಾಗಿಸಿ, ಮತ್ತೊಮ್ಮೆ ದೇವಿಯ ಎಡಗೈ ಸಂದಿಗೆ ಒತ್ತಿದಳು. ದಾರ ಮಡಚಿಕೊಂಡು ಹಿಂದಕ್ಕೆ ಬಂತು. ಮುದುಕಿಯ ಕಣ್ಣಲ್ಲಿ ನೀರೇ ಬಂತು.

ಸಬ್ ಇನ್‌ಸ್ಪೆಕ್ಟರ್ ಕ್ರಾಂತಿ ಬೂಟು ಬಿಚ್ಚಿಟ್ಟು ಗರ್ಭಗುಡಿಯ ಜಿಡ್ಡು ನೆಲದ ಮೇಲೆ ಮಂಡಿಯೂರಿ ಕೂತಿದ್ದಳು. "ದೊಡ್ಡವ್ವ, ಮೊದಲು ಹೋಗ್ತಿತ್ತಾ? ಖರೇನ ಹೇಳು."

"ಅಯ್ಯ, ಹೋಗ್ತಿತ್ತಾ ಅಂತ ಕೇಳ್ತೀಯಲ್ಲ! ಇಲ್ಲಿ ಹಾಕಿದ್ರ ಅಲ್ಲಿ ಬೆನ್ನಾಗ, ಜಡಿ ಬುಡಕ ಬರ್ತಿತ್ತು. ಮಕ್ಕಳಾಗದಾಕಿ, ಆದ ಕೂಸು ನಿಲ್ಲದಾಕಿ, ಎಲ್ಲಾರೂ ಬಂದು ಈ ಕಿಂಡ್ಯಾಗ ದಾರ ಹಾಕ್ಕೊಂಡು ಹೋಗ್ಯಾರ. ಅದಕ್ಕ ಈಕಿ ನೂಲವ್ವ ಆಗ್ಯಾಳ."

"ಮತ್ತ ಇಷ್ಟು ದಿನ ಯಾರೂ ಇದನ್ನ ಹೇಳಲೇ ಇಲ್ಲಲ್ಲ!"

"ಯಾರು ಕೇಳಿದ್ರು? ಬರೆಸ್ಕೊಳ್ಳೋರೂ ಗಂಡಸ್ರು, ಬರೆಸೋರೂ ಗಂಡಸ್ರು."

ಕ್ರಾಂತಿಗೆ ತನ್ನ ಮೇಲೆಯೇ ಸಿಟ್ಟು ಬಂತು. ತಾನಾದರೂ ಕೇಳಬಾರದಿತ್ತೇ? ಹಾಲಮಟ್ಟಿಯ ನೂಲವ್ವನ ಕಲ್ಲಿನ ಮೂರ್ತಿ ಮಾಯವಾಗಿ ಅದರ ಜಾಗದಲ್ಲಿ ಕಲ್ಲುಪುಡಿ-ಅಂಟಿನ ನಕಲಿ ಕೂತದ್ದು, ಅಭಿಷೇಕದ ನೀರಿಗೆ ಅದು ಬಣ್ಣ ಬಿಟ್ಟು ಬಯಲಾದದ್ದು, ಹಗರಿಬೊಮ್ಮನಹಳ್ಳಿಯಲ್ಲಿ ಕಂಪ್ಯೂಟರ್ ಯಂತ್ರದಿಂದ ಬಾಗಿಲು ಕೆತ್ತುವ ಮುನಾವರನ ಕಾರ್ಖಾನೆಯ ಕಸದಲ್ಲಿ ಅದೇ ಮೂರ್ತಿಯ ಕಿರೀಟದ ಮರದ ಅಚ್ಚು ಸಿಕ್ಕು ಅವನು ಲಾಕಪ್ಪಿಗೆ ಬಿದ್ದದ್ದು, ಇಷ್ಟೂ ಕಾಗದದ ಮೇಲೆ ಬಂದಿತ್ತು. ಹೆಂಗಸರ ದಾರದ ಮಾತು ಮಾತ್ರ ಎಲ್ಲಿಯೂ ಬಂದಿರಲಿಲ್ಲ.

ಬರುವುದಾದರೂ ಹೇಗೆ? ದಾರ ಹಾಕುವಾಗ ಗಂಡಸರು ದೇವಿಗೆ ಬೆನ್ನು ತಿರುಗಿಸಿ ನಿಲ್ಲಬೇಕು. ಗಂಡನಾಗಲಿ, ಪೂಜಾರಿಯಾಗಲಿ, ಯಾರೇ ಆಗಲಿ. ಈಗಲೂ ಬಾಗಿಲ ಹೊರಗೆ ದಫೇದಾರ ಪಕ್ಕೀರಪ್ಪ ಗೋಡೆ ನೋಡುತ್ತ, ಕೈ ಹಿಂದೆ ಕಟ್ಟಿಕೊಂಡು, ನಮ್ರವಾಗಿ ನಿಂತಿದ್ದ. ಠಾಣೆಯಲ್ಲಿ ಎಲ್ಲರಿಗಿಂತ ಹಳಬ ಅವನು. ಅವನಿಲ್ಲದಿದ್ದರೆ ಹೊಸ ಠಾಣೆಯಲ್ಲಿ ಕ್ರಾಂತಿಯ ಕೆಲಸ ಒಂದು ಹೆಜ್ಜೆಯೂ ಮುಂದೆ ಸಾಗುತ್ತಿರಲಿಲ್ಲ.

ಅವಳು ಬೆರಳು ಚಾಚಿ ದೇವಿಯ ಎಡಗೈ ಸಂದಿ ಮುಟ್ಟಿದಳು. ಅಲ್ಲಿ ಕಿಂಡಿ ಇರಲಿಲ್ಲ. ಡಬ್ಬಿಗೆ ಮುಚ್ಚಳ ಹಾಕಿದ ಹಾಗೆ ಸಪಾಟಾಗಿತ್ತು. ಬೆರಳ ತುದಿಗೆ ಸಣ್ಣ ಸಣ್ಣ ಮೂರು ಮೂಲೆಯ ಚೂರುಗಳು ತಾಗಿದವು, ಒಂದಕ್ಕೊಂದು ಅಂಚು ಹಚ್ಚಿ ಜೋಡಿಸಿದಂತೆ. ಯಾವ ಶಿಲ್ಪಿ ಹೀಗೆ ಕೆತ್ತುತ್ತಾನೆ?

ಈ ತ್ರಿಕೋನಗಳನ್ನು ಅವಳು ನೋಡಿದ್ದಳು. ಮುನಾವರನ ಕಾರ್ಖಾನೆಯಲ್ಲಿ, ಅವನ ತಂಗಿಯ ಕಂಪ್ಯೂಟರಿನ ಪರದೆ ಮೇಲೆ.

"ದೊಡ್ಡವ್ವ, ಈ ಕಿಂಡಿ ವಿಷಯ ಹಗರಿಬೊಮ್ಮನಹಳ್ಳಿ ಕಡಿಯೋರಿಗೆ ಗೊತ್ತಿರ್ತೈತೇನು?"

"ಗೊತ್ತಿಲ್ದ ಏನು? ಆ ಮುನಾವರನ ತಾಯಿ ಶರೀಫಾ ಬೀ, ಆಕಿನೂ ಬಂದಿದ್ಲು. ಮಗಳು ಹುಟ್ಟಿದ ಮ್ಯಾಲ ಸಕ್ಕರಿ ಹಂಚಿ ಹೋದ್ಲು. ನಾನ ಕೈಯಾರ ದಾರ ಹಾಕ್ಸೀನಿ."

ಕ್ರಾಂತಿ ಎದ್ದು ನಿಂತಳು. ಇವತ್ತು ಸಂಜೆಯೊಳಗೆ ಮುನಾವರನನ್ನು ಹಡಗಲಿ ಕೋರ್ಟಿಗೆ ಹಾಜರುಪಡಿಸಬೇಕು. ಒಮ್ಮೆ ಅವನು ಬಳ್ಳಾರಿ ಜೈಲಿನ ಗೇಟು ದಾಟಿದನೆಂದರೆ ಮುಗಿಯಿತು. ಕಳ್ಳ ಸಿಕ್ಕ ಎಂದು ಊರು ಕೈ ತೊಳೆದುಕೊಳ್ಳುತ್ತದೆ, ನಿಜವಾದ ನೂಲವ್ವ ಯಾವ ಹಡಗು ಹತ್ತಿದಳೋ ಯಾರೂ ಕೇಳುವುದಿಲ್ಲ. ಮುನಾವರನ ಮನೆಯ ಕಿಟಕಿಗೆ ಈಗಾಗಲೇ ಕಲ್ಲು ಬಿದ್ದಿವೆ.

"ಪಕ್ಕೀರಪ್ಪನವರ, ಬೀಗ ಹಾಕ್ರಿ. ಕೀಲಿ ನಿಮ್ಮ ಕಿಸೆದಾಗ ಇರ್ಲಿ. ನಾನು ಬರೋತನಕ ಯಾರಿಗೂ ತೆಗೀಬ್ಯಾಡ್ರಿ."

"ಆಗ್ಲಿ ಬಿಡ್ರಿ ಮೇಡಂ," ಎಂದ ಪಕ್ಕೀರಪ್ಪ ಗೋಡೆ ಕಡೆಯಿಂದ ತಿರುಗದೆ. "ನೀವು ಎಲ್ಲಿಗಿ ಹೊಂಟ್ರಿ?"

"ಹಗರಿಬೊಮ್ಮನಹಳ್ಳಿಗಿ. ಜೀಪು ಇಲ್ಲೇ ಇರ್ಲಿ, ಬೈಕ್ ಒಯ್ತೀನಿ."

* * *

ಕಾರ್ಖಾನೆಯ ಶಟರು ಅರ್ಧ ಎಳೆದಿತ್ತು. ಒಳಗೆ ತೇಗದ ಹೊಟ್ಟಿನ ವಾಸನೆ. ದೊಡ್ಡ ಕೆತ್ತನೆ ಯಂತ್ರಕ್ಕೆ ಹಳೆಯ ಚಾದರ ಹೊದಿಸಿದ್ದರು. ಶರೀಫಾ ಬೀ ಒಡೆದ ಗಾಜಿನ ಚೂರುಗಳನ್ನು ಮೊರಕ್ಕೆ ಗುಡಿಸುತ್ತಿದ್ದಳು, ಪೊಲೀಸ್ ಡ್ರೆಸ್ ಕಂಡದ್ದೇ ಮೊರ ಬಿಟ್ಟು ಎದ್ದಳು. "ನನ್ನ ಮಗ ಊಟ ಮಾಡ್ಯಾನೇನವ್ವ?"

"ಮಾಡ್ಯಾನಮ್ಮ. ಅಸ್ಫಿಯಾ ಎಲ್ಲಿ?"

ಅಸ್ಫಿಯಾ ಕಂಪ್ಯೂಟರಿನ ಮುಂದೆಯೇ ಇದ್ದಳು. ದಾವಣಗೆರೆಯಲ್ಲಿ ಇಂಜಿನಿಯರಿಂಗ್ ಓದಿ ಬಂದ ಹುಡುಗಿ. ಹೋದ ವರ್ಷ ಹೊರಗಿನ ಕಂಪನಿಯೊಂದು ಈ ಸೀಮೆಯ ಹಳೆಯ ಶಿಲ್ಪಗಳನ್ನೆಲ್ಲ ಲೇಸರ್ ಬೆಳಕಿನಿಂದ ಅಳೆದು ಕಂಪ್ಯೂಟರಿಗೆ ಇಳಿಸಿತ್ತಲ್ಲ, ಆ ಕೆಲಸಕ್ಕೆ ಬೇಕಾದ ಪ್ರೋಗ್ರಾಮಿನ ಒಂದು ಭಾಗವನ್ನು ಇಲ್ಲೇ ಕೂತು ಬರೆದುಕೊಟ್ಟವಳು ಅವಳು. ಕ್ರಾಂತಿ ಬಾಯಿ ತೆಗೆಯುವ ಮುಂಚೆಯೇ ದುಪಟ್ಟಾ ಸರಿ ಮಾಡಿಕೊಂಡು ಎದ್ದು ನಿಂತಳು.

"ಮೇಡಂ, ನಡೀರಿ. ನಾನ ಮಾಡೀನಿ. ನಮ್ಮಣ್ಣನ್ನ ಬಿಡ್ರಿ."

ಶರೀಫಾ ಬೀ "ಯಾ ಅಲ್ಲಾ" ಎಂದು ಗೋಡೆಗೆ ಒರಗಿದಳು.

ಕ್ರಾಂತಿ ಕುರ್ಚಿ ಎಳೆದುಕೊಂಡು ಕೂತಳು. ಒಳಗೆ ಏನೇ ಕುದಿಯುತ್ತಿದ್ದರೂ ಮುಖದ ಮೇಲೆ ತೋರಿಸದಿರುವುದನ್ನು ಅವಳಿಗೆ ಅಪ್ಪ ಕಲಿಸಿದ್ದ. ಇದೇ ಊರಿನ ಕೇರಿಯಲ್ಲಿ, ಗೋಡೆಗೆ ಬುದ್ಧನ ಪಟ ಹಾಕಿದ ಮನೆಯಲ್ಲಿ.

"ಏನು ಮಾಡಿದಿ? ಬಿಡಿಸಿ ಹೇಳು."

"ಸ್ಕ್ಯಾನ್ ಮಾಡಿದ್ದು ನನ್ನ ಹತ್ರ ಇತ್ತು. ರಿಪೇರಿ ಮಾಡಿ ಯಂತ್ರಕ್ಕ ಹಾಕಿದೆ. ಮರದಾಗ ತುಂಡು ತುಂಡು ಕೆತ್ತಿದೆ. ಅದರಿಂದ ಅಚ್ಚು ತೆಗೆದು ಎರಕ ಹೊಯ್ದೆ. ಅಣ್ಣ ಊರಾಗಿರಲಿಲ್ಲ."

"ಒಬ್ಬಾಕಿನ?"

"ಒಬ್ಬಾಕಿನ."

"ಮೂರ್ತಿ ಯಾರಿಗಿ ಕೊಟ್ಟಿ?"

"ಅದನ್ನ ಹೇಳಂಗಿಲ್ಲ."

"ಬಾಳ ಶಾಣ್ಯಾಕಿ ಅದೀ ಬಿಡು." ಕ್ರಾಂತಿ ಟೇಬಲ್ಲಿನ ಮೇಲಿದ್ದ ಪೆನ್ಸಿಲ್ ತೆಗೆದುಕೊಂಡು ತಿರುವತೊಡಗಿದಳು. "ಆತು. ದೇವಿ ಎಡಗೈ ಹತ್ರ ಏನು ಮಾಡಿದಿ?"

ಹುಡುಗಿ ತುಸು ತಡವರಿಸಿದಳು. "ಏನು ಮಾಡೂದೈತ್ರಿ? ಅಲ್ಲಿ ಕಿಂಡಿ ಐತಲ್ಲ, ಅದನ್ನ ಹಂಗ ತೆರೆದು ಬಿಟ್ಟೀನಿ."

"ತೆರೆದು?"

"ಹೂಂ. ಅಮ್ಮಿ ದಾರ ಹಾಕಿದ್ ಕಿಂಡಿ ಅದು. ನಾನ್ಯಾಕ ಮುಚ್ಚಲಿ?"

ಪೆನ್ಸಿಲ್ ನಿಂತಿತು. "ಅಸ್ಫಿಯಾ, ಆ ನಕಲಿ ಮೂರ್ತ್ಯಾಗ ಕಿಂಡಿ ಇಲ್ಲ. ಮುಚ್ಚೈತಿ. ಇವತ್ತು ಮುಂಜಾನಿ ನಾನ ಮುಟ್ಟಿ ನೋಡಿ ಬಂದೀನಿ."

ಅಸ್ಫಿಯಾಳ ಮುಖದಲ್ಲಿ ಮೊದಲು ಸಿಕ್ಕಿಬಿದ್ದ ಭಯ, ಆಮೇಲೆ ಗೊಂದಲ, ಆಮೇಲೆ ಕ್ರಾಂತಿ ಎಣಿಸದೇ ಇದ್ದ ಇನ್ನೊಂದು ಕಳೆ ಬಂತು. ಖುಷಿ! ಹುಚ್ಚು ಖುಷಿ.

"ಮುಚ್ಚೈತಾ? ಖರೇನ? ಸಪಾಟ, ಸಣ್ಣ ಸಣ್ಣ ತ್ರಿಕೋನ?"

"ಹೂಂ."

"ಅಂದ್ರ ಅದು ನನ್ನ ಫೈಲಿಂದಲ್ಲ! ಅಂದ್ರ ಅಣ್ಣ ನನ್ನ ಕಂಪ್ಯೂಟರ್ ಮುಟ್ಟಿಲ್ಲ!" ಹೇಳುತ್ತ ಹೇಳುತ್ತಲೇ ಅವಳು ಬಿಕ್ಕಿ ಬಿಕ್ಕಿ ಅಳತೊಡಗಿದಳು. "ನಾನು ಅವನ ಅಂತ ತಿಳ್ಕೊಂಡಿದ್ದೆ ಅಕ್ಕಾ. ಹೊಟ್ಯಾಗ ಬೆಂಕಿ ಇಟ್ಕೊಂಡು ಕೂತಿದ್ದೆ."

ಮೇಡಂ ಹೋಗಿ ಅಕ್ಕ ಆದದ್ದು ಅವಳಿಗೂ ಗೊತ್ತಾಗಲಿಲ್ಲ, ಕ್ರಾಂತಿಯೂ ತಿದ್ದಲಿಲ್ಲ. ಲಾಕಪ್ಪಿನಲ್ಲಿ ಮುನಾವರ ಯಾಕೆ ಹಲ್ಲು ಕಚ್ಚಿಕೊಂಡು ಕೂತಿದ್ದಾನೆ ಎನ್ನುವುದು ಕ್ರಾಂತಿಗೆ ಈಗ ಹೊಳೆಯಿತು. ಅಣ್ಣ ತಂಗಿ ಮಾಡಿದ್ದಾಳೆಂದುಕೊಂಡಿದ್ದಾನೆ, ತಂಗಿ ಅಣ್ಣ ಮಾಡಿದ್ದಾನೆಂದುಕೊಂಡಿದ್ದಾಳೆ. ಇಬ್ಬರ ಪ್ರೀತಿಯ ನಡುವೆ ಕಳ್ಳ ಹಾಯಾಗಿ ಅಡ್ಡಾಡಿಕೊಂಡಿದ್ದಾನೆ.

"ಅಳೋದು ಆಮ್ಯಾಲ ಅಳುವಂತಿ. ನನಗ ತಿಳಿಯೋ ಹಂಗ ಹೇಳು. ನಿನ್ನ ಫೈಲು ಅಂದ್ರ ಯಾವುದು?"

ಅಸ್ಫಿಯಾ ಮೂಗು ಒರೆಸಿಕೊಂಡು ಪರದೆ ಬೆಳಗಿಸಿದಳು. "ಲೈಬ್ರರಿ ಫೈಲ್ ಅಂತಾರ. ಪುಸ್ತಕ ಇಡೋ ಲೈಬ್ರರಿ ಅಲ್ರಿ ಮತ್ತ. ಪ್ರೋಗ್ರಾಮಿಗೆ ಬೇಕಾಗೋ ಕೈಕೆಲಸ ಎಲ್ಲಾ ಇದರಾಗ ಇರ್ತಾವ. ದೊಡ್ಡ ಪ್ರೋಗ್ರಾಮು ಬಂದು 'ಇದನ್ನ ಅಳೆದು ಕೊಡು, ಇದನ್ನ ಹೊಲಿದು ಕೊಡು' ಅಂತ ಕೇಳ್ತೈತಿ, ಲೈಬ್ರರಿ ಮಾಡಿ ಕೊಡ್ತೈತಿ."

"ಹೊಲಿಯೋದು ಅಂದ್ರ?"

"ಲೇಸರ್ ಮೂರ್ತಿ ಮ್ಯಾಲ ಆಡಿದಾಗ ಸಿಗೋದು ಬರೇ ಚುಕ್ಕಿ. ಚುಕ್ಕಿಗೆ ಚುಕ್ಕಿ ಕೂಡಿಸಿದ್ರ ತ್ರಿಕೋನದ ಬಲಿ ಆಗ್ತೈತಿ, ಮೂರ್ತಿಗೆ ಮೀನು ಹಿಡಿಯೋ ಬಲಿ ಹೊದಿಸಿದಂಗ. ಬೆಳಕು ಹೋಗದ ಕಡಿ ಬಲಿ ಹರಿದಿರ್ತೈತಿ. ಆ ತೂತು ಹೊಲಿಯೋ ಕೆಲಸ ನಂದು."

"ತೂತು ಹೊಲಿಯೋದು ಚಲೋನ ಅಲ್ಲೇನು?"

"ಹಿನ್ನೀರಿನಾಗ ಮೀನು ಹಿಡಿಯೋರು ಹರಿದ ಬಲಿ ಹೊಲಿತಾರಲ್ರಿ? ಹೊಸಬನ ಕೈಗೆ ಕೊಟ್ರ ಹರಿದದ್ದು ಯಾವುದು, ಬಲಿ ಬಾಯಿ ಯಾವುದು ತಿಳಿಯದ ಬಾಯಿನೂ ಹೊಲಿದು ಬಿಡ್ತಾನ. ನಾನು ಮೊದಲು ಬರೆದ ಫೈಲು ಹಂಗ ಇತ್ತು. ಕಂಡ ಕಂಡ ತೂತೆಲ್ಲಾ ಮುಚ್ಚಿಬಿಡ್ತಿತ್ತು."

ಬಾಗಿಲಲ್ಲಿ ನಿಂತಿದ್ದ ಶರೀಫಾ ಬೀ ತಟ್ಟನೆ ಅಂದಳು: "ನಾನ ಬೈದೆ ಆಕಿಗೆ. ಈ ಕಂಪ್ಯೂಟರ್ ಟಿವ್ಯಾಗ ದೇವಿ ತೋರಿಸಿದ್ಲು, ನೋಡ್ತೀನಿ, ಕಿಂಡಿ ಇಲ್ಲ! 'ಏ ಲೌಡಿ, ನೀ ಹುಟ್ಟಿದ್ದ ಆ ಕಿಂಡಿಂದ, ಅದನ್ನ ಮುಚ್ಚಿಬಿಟ್ಟೀಯಲ್ಲ' ಅಂದೆ."

ಇಷ್ಟು ಸಂಕಟದಲ್ಲೂ ಅಸ್ಫಿಯಾಳಿಗೆ ನಗು ಬಂತು. "ಅದಕ್ಕ ಹೊಸ ಫೈಲು ಬರೆದೆ ಅಕ್ಕಾ. ನೋಡ್ರಿ."

ಪರದೆಯ ಮೇಲೆ ಬೂದು ಬಣ್ಣದ ನೂಲವ್ವ ಮೆಲ್ಲಗೆ ತಿರುಗಿದಳು. ಮೈತುಂಬ ಸಣ್ಣ ತ್ರಿಕೋನಗಳ ಬಲೆ. ಎಡಗೈ ಸಂದಿ ಎದುರಿಗೆ ಬಂದಾಗ ಕಿಂಡಿಯೊಳಗಿಂದ ಆಚೆಯ ಬೆಳಕು ನೇರವಾಗಿ ಕಂಡಿತು.

ಕ್ರಾಂತಿ ಹುಬ್ಬು ಗಂಟಿಕ್ಕಿದಳು. "ಇದು ಕೊಳವಿ ಹಂಗ ಸೀದಾ ಐತಿ. ಮರುಳಸಿದ್ದಮ್ಮ ದಾರ ಬಾಗಿಸಿ ಹಾಕ್ತಾಳ."

"ಖರೇ ಮೂರ್ತ್ಯಾಗ ಒಳಗ ಡೊಂಕು ಐತ್ರಿ. ಬೆಳಕಿಗೆ ಡೊಂಕು ಹೋಗಾಕ ಬರಂಗಿಲ್ಲ. ಒಳಗ ಏನೈತಿ ಲೇಸರಿಗೆ ಕಾಣ್ಲಿಲ್ಲ. ಅದಕ್ಕ ನನ್ನ ಹೊಸ ಫೈಲು ಮುಂದಿನ ಬಾಯಿಗೂ ಹಿಂದಿನ ಬಾಯಿಗೂ ಸೀದಾ ಕೊಳವಿ ಜೋಡಿಸ್ತೈತಿ. ಡೊಂಕು ಹೆಂಗೈತಿ ಅಂತ ದಾರ ಹಾಕಿದ ಕೈಗಷ್ಟ ಗೊತ್ತು."

"ಹಳೇ ಫೈಲು ಈಗ ಎಲ್ಲೈತಿ?"

"ನನ್ನ ಹತ್ರ ಅಳಿಸಿಬಿಟ್ಟೀನಿ. ಆದ್ರ ಕಂಪನಿಯೋರು ಅಳತಿ ಕೆಲಸ ಮಾಡಿದ್ ಕಂಪ್ಯೂಟರ್ ಹಾಲಮಟ್ಟಿ ಗುಡಿ ಕಮಿಟಿ ರೂಮಿನಾಗ ಬಿಟ್ಟು ಹೋಗ್ಯಾರ. ಅದರಾಗ ಹಳೇದ ಇರಬೇಕು, ನಾ ಹೆಸರು ಬರೆದು ಕೊಟ್ಟ ಸೀಡಿನೂ ಅಲ್ಲೇ. ಹೊಸದು ಹಾಕಾಕ ನಾನು ಎಷ್ಟು ಸಲ ಹೋದ್ರೂ ಅಧ್ಯಕ್ಷರು ಒಳಗ ಬಿಡ್ಲಿಲ್ಲ."

ಅಧ್ಯಕ್ಷರು ಎಂದರೆ ಗಾದಿಲಿಂಗಪ್ಪ. ಮುನಾವರನ ಮೇಲೆ ಮೊದಲು ಬೆರಳು ತೋರಿಸಿದವನೂ ಅವನೇ.

ಕ್ರಾಂತಿ ಮೊಬೈಲ್ ತೆಗೆದು ಹಾಲಮಟ್ಟಿ ಠಾಣೆಗೆ ಫೋನು ಹಚ್ಚಿದಳು. ಎತ್ತಿದವರು ಸರ್ಕಲ್ ಸಾಹೇಬರೇ. ಮೈಸೂರು ಕಡೆಯ ಮನುಷ್ಯ, ಈ ಕೇಸು ಇವತ್ತೇ ಕೈಬಿಟ್ಟು ಹೋದರೆ ಸಾಕೆಂದು ಬೆಳಿಗ್ಗೆಯೇ ಬಂದು ಕೂತಿದ್ದರು.

"ಏನಮ್ಮ ಕ್ರಾಂತಿ, ಎಲ್ಲಿದೀಯಾ? ಆರೋಪಿನ ಕರ್ಕೊಂಡು ಹೋಗೋಕೆ ಜೀಪು ರೆಡಿ ಇದೆ."

ಅವಳು ಒಂದೇ ಉಸಿರಿನಲ್ಲಿ ಎಲ್ಲವನ್ನೂ ಹೇಳಿದಳು. "ಈ ಹುಡುಗಿ ಫೈಲಿನಿಂದ ಮಾಡಿದ್ರೆ ಕಿಂಡಿ ತೆರೆದಿರಬೇಕಿತ್ತು ಸರ್, ಸೀದಾ ಕೊಳವೆ ಹಾಗೆ. ನಕಲಿ ಮೂರ್ತಿಯಲ್ಲಿ ಅದು ಪೂರ್ತಿ ಮುಚ್ಚಿದೆ. ಅದನ್ನ ಮಾಡಿದವನ ಹತ್ರ ಹಳೇ ಫೈಲಿದೆ. ಅವನಿಗೆ ಕಿಂಡಿ ವಿಷಯಾನೇ ಗೊತ್ತಿಲ್ಲ."

ಸಾಹೇಬರು ಆಕಡೆ ಯಾರಿಗೋ ಅದೆಲ್ಲವನ್ನೂ ದೊಡ್ಡ ದನಿಯಲ್ಲಿ ತಿರುಗಿ ಹೇಳುತ್ತಿದ್ದುದು ಕೇಳಿಸಿತು. ಯಾರೋ ನಕ್ಕರು. ಆಮೇಲೆ ಫೋನಿಗೆ ಬಂದರು. "ಗಾದಿಲಿಂಗಪ್ಪನವರು ಇಲ್ಲೇ ಇದಾರೆ, ಊರವರೂ ಇದಾರೆ. ಬಂದು ಎಲ್ಲರ ಮುಂದೆ ತೋರಿಸು. ಮುಚ್ಚಿದ್ರೆ ಇವತ್ತು ಕೋರ್ಟು ಬೇಡ. ತೆರೆದಿದ್ರೆ?"

ಕ್ರಾಂತಿಗೆ ನಾಲಿಗೆ ಕಚ್ಚಿಕೊಳ್ಳಲು ಸಮಯವಿತ್ತು. ಕಚ್ಚಿಕೊಳ್ಳಲಿಲ್ಲ. "ತೆರೆದಿದ್ರೆ ಅಣ್ಣ ತಂಗಿ ಇಬ್ಬರನ್ನೂ ನಾನೇ ಕೋರ್ಟಿಗೆ ಕರ್ಕೊಂಡು ಹೋಗ್ತೀನಿ ಸರ್."

ಅಸ್ಫಿಯಾ ತಲೆ ಎತ್ತಿ ಅವಳನ್ನೇ ನೋಡಿದಳು.

"ಒಂದ್ನಿಮಿಷ ಮುನಾವರನಿಗೆ ಫೋನ್ ಕೊಡಿಸಿ ಸರ್."

ಲಾಕಪ್ಪಿನ ಸರಳಿನ ಸದ್ದು, ಪಕ್ಕೀರಪ್ಪನ "ತಗೋಳೋ, ಮೇಡಮ್ಮಾರು ಮಾತಾಡ್ತಾರ," ಆಮೇಲೆ ಮುನಾವರನ ಒಣಗಿದ ದನಿ.

"ಮುನಾವರ, ನಿನ್ನ ತಂಗಿ ನನ್ನ ಎದುರಿಗೆ ಅದಾಳ. ಆಕಿ ಏನೂ ಮಾಡಿಲ್ಲ, ಗೊತ್ತಾತಿಲ್ಲ? ಈಗ ಹೇಳು, ನೀ ಕೆತ್ತಿದ ಮರದಾಗ ದೇವಿ ಎಡಗೈ ಸಂದಿ ಹೆಂಗಿತ್ತು?"

"ಸಪಾಟ ಇತ್ರಿ. ಅಲ್ಲಿ ಏನೂ ಇರಲಿಲ್ಲ. ಮ್ಯೂಸಿಯಮ್ಮಿಗೆ ಮಾದರಿ ಬೇಕಂತ ಹೇಳಿದ್ರು, ಸೀಡಿ ಮ್ಯಾಲ ತಂಗಿ ಕೈಬರಹ ಇತ್ತು. ಆಕಿ ಕಳಿಸ್ಯಾಳಂತ ಮಾಡಿ ಕೊಟ್ಟೆ."

"ಯಾರು ತಂದು ಕೊಟ್ರು?"

"ಇಲ್ಲಿ ಬ್ಯಾಡ್ರಿ ಮೇಡಂ," ಮುನಾವರ ಪಿಸುಗುಟ್ಟಿದ. "ನೀವು ಬರ್ರಿ. ನಿಮ್ಮ ಎದುರಿಗಿ ಹೇಳ್ತೀನಿ."

ಫೋನು ಕಟ್ಟಾಯಿತು.

ಗಾದಿಲಿಂಗಪ್ಪ ಪಕ್ಕದಲ್ಲೇ ನಿಂತಿರಬೇಕು, ಅದಕ್ಕೇ ಹೆದರಿದ್ದಾನೆ, ಎಂದುಕೊಂಡಳು ಕ್ರಾಂತಿ. ಅವಳು ಅಸ್ಫಿಯಾಳನ್ನು ಬೈಕಿನ ಹಿಂದೆ ಕೂರಿಸಿಕೊಂಡು ಹೊರಟಳು. ಕಂಪ್ಯೂಟರಿನ ಡಬ್ಬಿ ಹುಡುಗಿಯ ತೊಡೆಯ ಮೇಲೆ, ಕೂಸನ್ನು ಅಪ್ಪಿಕೊಂಡಂತೆ.

ತಂಬ್ರಹಳ್ಳಿ ದಾಟುತ್ತಿದ್ದಂತೆ ಕುರಿ ಹಿಂಡು ಅಡ್ಡ ಬಂತು. ರಸ್ತೆ ತುಂಬ ಕುರಿ, ಮುಗಿಯುವುದೇ ಇಲ್ಲ. ಕ್ರಾಂತಿ ಹಾರನ್ ಬಡಿದು ಬಡಿದು ಕುರುಬರ ಕೈಲಿ ಬೈಸಿಕೊಂಡಳು. ಅದು ದಾಟಿತೆನ್ನುವಷ್ಟರಲ್ಲಿ ಹಿಂದಿನ ಚಕ್ರ ಪಂಕ್ಚರ್. ಸಣ್ಣ ವಿಷಯಗಳೇ. ಆದರೆ ಹಾಲಮಟ್ಟಿಯಲ್ಲಿ ಯಾರಿಗೋ ಅಷ್ಟು ಹೊತ್ತು ಸಾಕಾಗಿತ್ತು.

* * *

ಗುಡಿಯ ಮುಂದೆ ಊರಿಗೆ ಊರೇ ನೆರೆದಿತ್ತು. ಬಾಗಿಲು ಆಗಲೇ ತೆರೆದಿತ್ತು. ಸರ್ಕಲ್ ಸಾಹೇಬರು ಮೆಟ್ಟಿಲ ಮೇಲೆ, ಪಕ್ಕದಲ್ಲಿ ಬಿಳಿ ಅಂಗಿಯ ಗಾದಿಲಿಂಗಪ್ಪ.

"ಬರ್ರಿ ಬರ್ರಿ ಮೇಡಮ್ಮಾರ," ಅಂದ ಗಾದಿಲಿಂಗಪ್ಪ. "ಕಳ್ಳನ ತಂಗಿನ್ನ ಸಾಕ್ಷಿಗೆ ಕರಕೊಂಡು ಬಂದೀರಿ. ಇನ್ನ ದೇವಿನ ಕಾಪಾಡಬೇಕು ನಮ್ಮನ್ನ."

"ಬೆನ್ನು ತಿರುಗಿಸ್ರಿ ಯಜಮಾನ್ರ," ಎಂದಳು ಕ್ರಾಂತಿ. "ದಾರ ಹಾಕ್ತಾರ."

ಗಂಡಸರೆಲ್ಲ ತಿರುಗಿ ನಿಂತರು. ಸಾಹೇಬರೂ ಮುಜುಗರದಿಂದ ತಿರುಗಿದರು. ಹೆಂಗಸರು ಬಾಗಿಲಿಗೆ ಮುತ್ತಿಕೊಂಡರು. ಒಳಗೆ ಮರುಳಸಿದ್ದಮ್ಮ, ಅವಳ ಪಕ್ಕ ಅಸ್ಫಿಯಾ, ಹಿಂದೆ ಕ್ರಾಂತಿ.

"ನೋಡ್ರವ್ವ ಎಲ್ಲಾರೂ," ಎಂದು ಮುದುಕಿ ದಾರವನ್ನು ಬಾಗಿಸಿ ಸಂದಿಗೆ ಒತ್ತಿದಳು. ತಡೆಯಿತು. ಕ್ರಾಂತಿ ನಿರಾಳವಾಗಿ ಉಸಿರು ಬಿಡಬೇಕು, ಅಷ್ಟರಲ್ಲಿ ಮುದುಕಿಯ ಕೈ ಜಾರಿ ದಾರ ನೆಟ್ಟಗಾಯಿತು. ನೆಟ್ಟಗಾದ ದಾರ ಸರಕ್ಕನೆ ಒಳಗೆ ಹೋಗಿ ಬೆನ್ನಿನಲ್ಲಿ ಹೊರಗೆ ಬಂತು.

"ಹೋತು! ಅವ್ವ ದಾರಿ ಬಿಟ್ಲು!" ಯಾರೋ ಕೂಗಿದರು. ಹೆಂಗಸರು ಕೈ ಮುಗಿದರು. ಮರುಳಸಿದ್ದಮ್ಮ ಮಾತ್ರ ಕೈಯಲ್ಲಿದ್ದ ದಾರವನ್ನು ನೋಡುತ್ತ ಕಲ್ಲಾಗಿ ಕೂತಳು.

"ಸೀದಾ..." ಅಸ್ಫಿಯಾ ಕಿಂಡಿಯತ್ತ ಬಗ್ಗಿದಳು. "ಅಕ್ಕಾ, ಸೀದಾ ಐತಿ."

ಕ್ರಾಂತಿ ಬಗ್ಗಿ ಬೆರಳಿಟ್ಟಳು. ಮುಂಜಾನೆ ಮುಚ್ಚಳವಿದ್ದ ಜಾಗದಲ್ಲಿ ದುಂಡನೆಯ ತೂತು, ಅಂಚು ಹರಿತ. ಎಣ್ಣೆ, ಕರ್ಪೂರದ ವಾಸನೆಯ ಅಡಿಯಲ್ಲಿ ಇನ್ನೊಂದು ವಾಸನೆ ಮೂಗಿಗೆ ಬಡಿಯಿತು. ಸುಟ್ಟ ಅಂಟು. ಡ್ರಿಲ್ಲಿನ ಬಿಸಿಗೆ ಸುಟ್ಟದ್ದು. ನೆಲವನ್ನು ಯಾರೋ ಒದ್ದೆ ಬಟ್ಟೆಯಲ್ಲಿ ಚೊಕ್ಕಟವಾಗಿ ಒರೆಸಿದ್ದರು.

"ಆಯ್ತೇನಮ್ಮ?" ಬೆನ್ನು ತಿರುಗಿಸಿಕೊಂಡೇ ಕೇಳಿದರು ಸಾಹೇಬರು. "ಕಿಂಡಿ ತೆರೆದಿದೆಯಂತಲ್ಲ. ಸೀದಾ, ಕೊಳವೆ ಹಾಗೆ. ಈ ಹುಡುಗಿ ಫೈಲಿನಲ್ಲಿ ಇರೋ ಹಾಗೇನೇ. ನೀನೇ ಫೋನಿನಲ್ಲಿ ಹೇಳಿದ್ದು."

"ಯಾರೋ ಈಗ ಕೊರೆದಿದಾರೆ ಸರ್! ಮುಂಜಾನೆ ಮುಚ್ಚಿತ್ತು. ಮರುಳಸಿದ್ದಮ್ಮ ನೋಡಿದಾಳೆ, ನಾನು ಮುಟ್ಟಿದೀನಿ!"

"ಮುದುಕಿಗೆ ಕಣ್ಣು ಮಂಜು," ಎಂದ ಗಾದಿಲಿಂಗಪ್ಪ. "ಮೇಡಮ್ಮಾರಿಗಿ ಆ ಮನಿ ಮ್ಯಾಲ ಮಮತಿ."

ಕ್ರಾಂತಿಗೆ ಅವನ ಕುತ್ತಿಗೆ ಪಟ್ಟಿ ಹಿಡಿಯುವಷ್ಟು ಸಿಟ್ಟು ಬಂತು. ತಾನೇ ಹೆಣೆದ ಕುಣಿಕೆ ತಾನೇ ಕರೆತಂದ ಹುಡುಗಿಯ ಕೊರಳಿಗೆ ಬಿದ್ದಿತ್ತು. ಆ ಫೋನಿನ ಮಾತು ಕೇಳಿದವನೇ ಕೊರೆದಿದ್ದಾನೆ, ಅದೂ ಅಸ್ಫಿಯಾಳ ಫೈಲಿಗೆ ಸರಿಯಾಗಿ ಹೊಂದುವಂತೆ. ಆದರೆ ಒಂದು ಬಾಯಿ ಇನ್ನೂ ಉಳಿದಿತ್ತು. ಮರದಲ್ಲಿ ಕೆತ್ತಿದಾಗ ಅದು ಸಪಾಟಿತ್ತು ಎನ್ನಬಲ್ಲ, ಸೀಡಿ ತಂದುಕೊಟ್ಟವನ ಹೆಸರು ಹೇಳಬಲ್ಲ ಒಂದೇ ಒಂದು ಬಾಯಿ.

"ಸರ್, ಮುನಾವರನನ್ನ ಇಲ್ಲಿಗೆ ಕರೆಸಿ. ಎಲ್ಲರ ಮುಂದೆ ಕೇಳೋಣ. ಅದಕ್ಕೂ ಮೊದಲು ಹೇಳಿ, ಈ ಬಾಗಿಲು ಯಾರು ತೆಗೆದ್ರು?"

"ನಾನೇ. ಪಕ್ಕೀರಪ್ಪನ ಹತ್ರ ಕೀಲಿ ಇಸ್ಕೊಂಡು ತೆಗೆದೆ, ಈಗಷ್ಟೇ."

"ಅಲ್ಲೀವರೆಗೂ ಕೀಲಿ?"

"ಅವನ ಕಿಸೆಯಲ್ಲಿ. ನೀನೇ ಕೊಟ್ಟಿದ್ದಲ್ವೇ?"

ಕ್ರಾಂತಿ ಸುತ್ತಲೂ ನೋಡಿದಳು. ತಿರುಗಿ ನಿಂತ ಗಂಡಸರ ಸಾಲಿನಲ್ಲಿ ಆ ಪರಿಚಿತ ಖಾಕಿ ಬೆನ್ನು ಇರಲಿಲ್ಲ. ಮುಂಜಾನೆ ಇದೇ ಬಾಗಿಲಲ್ಲಿ ಗೋಡೆ ನೋಡುತ್ತ ನಿಂತಿದ್ದ ಬೆನ್ನು. ಕಣ್ಣು ಆಚೆಗಿದ್ದರೂ ಕಿವಿ ಈಚೆಗೇ ಇತ್ತಲ್ಲ! 'ತಗೋಳೋ, ಮೇಡಮ್ಮಾರು ಮಾತಾಡ್ತಾರ.' ಮುನಾವರನಿಗೆ ಫೋನು ಹಿಡಿದು ಪಕ್ಕದಲ್ಲೇ ನಿಂತವನು ಯಾರು? 'ಇಲ್ಲಿ ಬ್ಯಾಡ್ರಿ ಮೇಡಂ.'

"ಪಕ್ಕೀರಪ್ಪ ಎಲ್ಲಿ ಸರ್?"

ಸಾಹೇಬರು ಈಗ ಪೂರ್ತಿ ತಿರುಗಿದರು. "ಇದೇನಮ್ಮ ಹೀಗೆ ಕೇಳ್ತೀಯಾ? ಮುನಾವರನನ್ನ ಜೀಪು ಹತ್ತಿಸಿಕೊಂಡು ಹಡಗಲಿಗೆ ಹೋದ. ನೀನು ಫೋನ್ ಮಾಡಿ ಕೋರ್ಟಿನ ಹತ್ರ ಕರ್ಕೊಂಡು ಬಾ ಅಂದ್ಯಂತಲ್ಲ."

"ನಾನು ಫೋನ್ ಮಾಡಿಲ್ಲ."

ಹೆಂಗಸರ ಗುಂಪಿನಿಂದ ಬಸ್‌ಸ್ಟ್ಯಾಂಡಿನಲ್ಲಿ ಚಹಾ ಮಾರುವ ಅಂಜಿನಕ್ಕ ಮುಂದೆ ಬಂದಳು. "ಹಡಗಲಿಗಾ? ಇಲ್ಲ ಬಿಡ್ರಿ ಸಾಹೇಬ್ರ. ಜೀಪು ನನ್ನ ಅಂಗಡಿ ಮುಂದ ಹೋತು, ಹರಪನಹಳ್ಳಿ ರೋಡ್ ಹಿಡಿದು. ಹಿಂದಿನ ಪರದಿ ಇಳಿ ಬಿಟ್ಟಿದ್ರು."

ಅಸ್ಫಿಯಾ ಕಂಪ್ಯೂಟರ್ ಡಬ್ಬಿಯನ್ನು ನೂಲವ್ವನ ಪಾದದ ಬಳಿ ಮೆಲ್ಲಗೆ ಇಳಿಸಿ, ಎರಡೂ ಕೈಯಲ್ಲಿ ಕ್ರಾಂತಿಯ ತೋಳು ಹಿಡಿದಳು.

"ಅಕ್ಕಾ," ಎಂದಳು, "ನಮ್ಮಣ್ಣ ಊಟ ಮಾಡ್ಯಾನ ಅಂತ ಅಮ್ಮಿಗಿ ಹೇಳಿ ಬಂದೀರಿ ನೀವು."